ಕಾಲು ಮೂಡದ ಗೊದಮೊಟ್ಟೆ

ರಾಯದುರ್ಗ
14 ಸೆಪ್ಟೆಂಬರ್ 2024, ಶನಿವಾರ

ಪ್ರೀತಿಯ ತಮ್ಮ ಶಿವರಾಮನಿಗೆ,

ಅಕ್ಕ ದೇವಿಕಾಳ ಆಶೀರ್ವಾದ. ರಾಧಾಳಿಗೂ ತಿಳಿಸು. ಗೌರಿ ಹಬ್ಬಕ್ಕೆ ನೀನು ಕಳಿಸಿದ ಸೀರೆ ತಲುಪಿ ವಾರವಾಯಿತು. ತಲುಪಿತು ಎಂದು ಒಂದು ಮಾತೂ ತಿಳಿಸಲಿಲ್ಲ, ತಪ್ಪಾಯಿತು. ಫೋನ್ ಮಾಡಬಹುದಿತ್ತಲ್ಲ ಎನ್ನುತ್ತೀಯ. ನಿನ್ನ ಫೋನು ಯಾವಾಗಲೂ ಸ್ಪೀಕರಿನಲ್ಲೇ ಇರುತ್ತದೆ ಮಾರಾಯ, ನಾನಿಲ್ಲಿ ಕೆಮ್ಮಿದರೆ ನಿಮ್ಮ ಗುಡಿಬಂಡೆ ಆಟೋ ಸ್ಟ್ಯಾಂಡಿಗೆಲ್ಲ ಕೇಳುತ್ತದೆ. ಅದಕ್ಕೇ ಕಾಗದ. ಎರಡು ಬರೆದು ಹರಿದೆ, ಇದು ಮೂರನೆಯದು.

ಇಲ್ಲಿ ಜೀನ್ಸ್ ಪ್ಯಾಂಟಿನ ಆರ್ಡರು ಜಾಸ್ತಿ. ನನ್ನದು ಜಿಪ್ ಕೂರಿಸುವ ಕೆಲಸ. ಮೂರು ದಿನದಿಂದ ಜಿಪ್ಪನ್ನು ತಲೆಕೆಳಗಾಗಿ ಹೊಲಿಯುವುದು, ಬಿಚ್ಚುವುದು, ಇದೇ ಆಗಿದೆ. ಕೂತರೆ ಏಳಬೇಕೆನಿಸುತ್ತದೆ, ಎದ್ದರೆ ಯಾಕೆ ಎದ್ದೆ ಎಂದು ಮರೆತುಹೋಗುತ್ತದೆ. ನಿನ್ನೆ ಸಾರಿಗೆ ಎರಡು ಸಲ ಉಪ್ಪು ಹಾಕಿದೆ.

ಎಲ್ಲ ಮಗಳು ವನಿತಾಳ ಚಿಂತೆ. ಶ್ರಾವಣಕ್ಕೆ ಹದಿನಾರು ತುಂಬಿತು, ಎರಡು ವರ್ಷದ ಹಿಂದೆ ಹೊಲಿದ ಲಂಗ ಈಗಲೂ ಅಳತೆಗೆ ಸರಿಯಾಗಿದೆ. ಶಾಲೆಯಿಂದ ಬಂದವಳು ಚೀಲವನ್ನೂ ಇಳಿಸದೆ ಗೋಡೆಗೊರಗಿ ತೂಕಡಿಸುತ್ತಾಳೆ. ಬಿಸಿಲಲ್ಲೂ ಚಳಿ ಅನ್ನುತ್ತಾಳೆ. ಯುಗಾದಿಗೆ ಬಂದಾಗ ನೀನು, “ಹುಡ್ಗಿ ಯಾಕಿಂಗ್ ಮಂಕಾಗವ್ಳೆ ಅಕ್ಕಯ್ಯ?” ಎಂದಿದ್ದೆ. ಓದಿನ ಭಾರ ಎಂದು ನಾನು ಮಾತು ತೇಲಿಸಿದೆ. ಸೋಮಾರಿ ಎಂದು ಅವಳನ್ನು ಬೈದವಳೂ ನಾನೇ.

ಜುಲೈಯಲ್ಲಿ ಮಳೆ ಬಿತ್ತಲ್ಲ, ಆಗ ಬೆಟ್ಟದ ಬುಡದ ಹೊಂಡದಿಂದ ನನ್ನ ಗುಂಡಿ ಡಬ್ಬಿಯಲ್ಲಿ ಕಪ್ಪೆಮೊಟ್ಟೆ ತುಂಬಿಕೊಂಡು ಬಂದಳು. ಬೇಯಿಸಿದ ಸಬ್ಬಕ್ಕಿಯ ಹಾಗಿತ್ತು, ಒಂದೊಂದರಲ್ಲೂ ಒಂದು ಕಪ್ಪು ಚುಕ್ಕೆ. ಹಿತ್ತಲಿನ ಒಡಕು ಟಬ್ಬಿಗೆ ಸುರಿದಳು. ನಮ್ಮತ್ತೆ, “ಮನ್ಯಾಗ ಕಪ್ಪಿ ಸಾಕೋದು ಯಾವ ಊರ ಪದ್ಧತಿ?” ಎಂದು ಇಡೀ ದಿನ ಗೊಣಗಿದರು. ನಾಲ್ಕೈದು ದಿನಕ್ಕೆ ಬರೀ ತಲೆ, ಬಾಲದ ಗೊದಮೊಟ್ಟೆಗಳು ಓಡಾಡಿದವು. ವನಿತಾ ಬೇಯಿಸಿದ ಪಾಲಕ್ ಸೊಪ್ಪು ಹಾಕುವಳು, ದಿನವೂ ಪುಸ್ತಕದಲ್ಲಿ ಬರೆದಿಡುವಳು. ತಿಂಗಳು ಕಳೆದ ಮೇಲೆ ಹಿಂಗಾಲು ಮೂಡಿದವು. ಆಮೇಲೆ ಮುಂಗಾಲು, ಚರ್ಮ ತೂರಿಕೊಂಡು ಒಂದೊಂದಾಗಿ. ಬಾಲ ಗಿಡ್ಡವಾಗುತ್ತ ಬಂತು. ಉದುರುತ್ತದೇನೋ ಎಂದುಕೊಂಡಿದ್ದೆ. “ಉದುರಂಗಿಲ್ಲಮ್ಮ, ಒಳಗ ಕರಗ್ತದ. ಬಾಯಿ ಅಗಲ ಆಗೋ ಹೊತ್ನಾಗ ಅವು ಏನೂ ತಿನ್ನಂಗಿಲ್ಲ, ಆ ಬಾಲಾನ ಅವಕ್ಕ ಊಟ” ಎಂದಳು. ಹೊಲಿಗೆ ಬಿಟ್ಟು ನಾನೂ ಹೋಗಿ ಹೋಗಿ ನೋಡುತ್ತಿದ್ದೆ. ಹತ್ತಿ ಕೂರಲೆಂದು ಅವಳು ಟಬ್ಬಿನಲ್ಲಿ ಕಲ್ಲಿಟ್ಟಳು. ಉಗುರಿನಷ್ಟು ಕಪ್ಪೆಗಳು ಕಲ್ಲು ಹತ್ತಿ ಒಂದೊಂದೇ ಹೊರಟುಹೋದವು.

ಒಂದು ಮಾತ್ರ ಉಳಿಯಿತು. ಮೈ ಎಲ್ಲಕ್ಕಿಂತ ದಪ್ಪ, ಕಾಲಿಲ್ಲ. ನೀರು ಬದಲಿಸಿದಳು, ಬೇರೆ ಪಾತ್ರೆಗೆ ಹಾಕಿದಳು, ಏನೂ ಆಗಲಿಲ್ಲ. ಶಾಲೆಗೆ ಒಯ್ದು ವಿಜ್ಞಾನದ ಓಬುಲೇಶ್ ಮೇಷ್ಟ್ರಿಗೆ ತೋರಿಸಿದಳಂತೆ. ಅದರ ಗಂಟಲ ಹತ್ತಿರ ಥೈರಾಯ್ಡ್ ಅನ್ನುವ ಗ್ರಂಥಿ ಇರುತ್ತದೆ, ಅದರ ರಸ ಬಂದರೇ ಕಾಲು ಮೂಡುವುದು, ಬಾರದಿದ್ದರೆ ಮರಿ ದೊಡ್ಡದಾಗುತ್ತದೆಯೇ ಹೊರತು ಕಪ್ಪೆಯಾಗುವುದಿಲ್ಲ ಎಂದರಂತೆ ಅವರು. ಇವಳು ತನ್ನ ಗಂಟಲು ಮುಟ್ಟಿಕೊಂಡು, “ಮನುಷ್ಯರಿಗೂ ಹಂಗ ಆಗ್ತದೇನ್ರಿ ಸರ್?” ಎಂದು ಕೇಳಿದ್ದಾಳೆ.

ಪುಣ್ಯಾತ್ಮರು ಅವತ್ತೇ ಸಂಜೆ ಮನೆಗೆ ಬಂದರು. “ನಾ ಡಾಕ್ಟರ್ ಅಲ್ರಿ ಅಮ್ಮ. ಆದ್ರೂ ಒಮ್ಮೆ ರಕ್ತ ಪರೀಕ್ಷೆ ಮಾಡಸ್ರಿ” ಎಂದರು. ಮಾಡಿಸಿದೆವು. ರಿಪೋರ್ಟ್ ಹಿಡಿದು ಮಂಗಳವಾರ ಬಳ್ಳಾರಿಗೆ ಹೋದೆವು, ಅತ್ತೆಯೂ ಬಂದಿದ್ದರು. ಡಾಕ್ಟರಮ್ಮ ರಿಪೋರ್ಟ್ ನೋಡಿ, ಅದೇ ಗ್ರಂಥಿಯ ತೊಂದರೆ, ದಿನಾ ಬೆಳಿಗ್ಗೆ ಖಾಲಿ ಹೊಟ್ಟೆಯಲ್ಲಿ ಒಂದು ಮಾತ್ರೆ ತಪ್ಪಿಸಬೇಡಿ, ಹುಡುಗಿ ಚೇತರಿಸಿಕೊಳ್ಳುತ್ತಾಳೆ ಎಂದರು. ನನಗೆ ಅಲ್ಲೇ ಅಳು ಬಂತು.

ಆಮೇಲೆ, “ಮುಟ್ಟು ಯಾವಾಗ ಶುರುವಾಯ್ತು? ಸರಿಯಾಗಿ ಆಗ್ತದಾ?” ಎಂದು ಕೇಳಿದರು. “ಹೋದ ಮಾಘದಾಗ ಆದ್ಲು ರೀ, ತಿಂಗಳಾ ಸರಿಯಾಗಿ ಆಗ್ತಾಳ” ಎಂದೆ. ಬರೆದುಕೊಂಡರು. ಮುಂದೆ ಬೇರೆ ಪರೀಕ್ಷೆ ಬೇಕೋ ಬೇಡವೋ ಅದನ್ನು ನೋಡಿಯೇ ಹೇಳುತ್ತಾರಂತೆ. ಇಪ್ಪತ್ತಾರನೇ ತಾರೀಕು ಗುರುವಾರ ಮತ್ತೆ ಹೋಗಬೇಕು.

ಅವತ್ತಿನಿಂದ ವನಿತಾ ನನ್ನ ಜೊತೆ ಸರಿಯಾಗಿ ಮಾತಾಡುತ್ತಿಲ್ಲ, ಮಾತ್ರೆಯನ್ನೂ ಮುಟ್ಟುತ್ತಿಲ್ಲ. ಬೈದೆ, ಬೇಡಿಕೊಂಡೆ. “ಯಾಕಂತ ನಿಂಗ ಗೊತ್ತೈತಿ” ಎನ್ನುತ್ತಾಳೆ, ಅಷ್ಟೇ. ಆ ಗುರುವಾರ ನೀನು ಬಳ್ಳಾರಿಗೆ ಬರಬೇಕು ಶಿವು. ನಿನ್ನ ಮಾತಾದರೆ ಅವಳು ಕೇಳುತ್ತಾಳೆ.

ನಿನ್ನ ಮನೆ, ತೋಟ ತಂಪಾಗಿರಲಿ. ರಾಧಾಳ ಕೈನೋವಿಗೆ ಎಣ್ಣೆ ಬಿಸಿ ಮಾಡಿ ಹಚ್ಚು. ಭಗವಂತ ನಿಮ್ಮಿಬ್ಬರನ್ನೂ ಚೆನ್ನಾಗಿಟ್ಟಿರಲಿ.

ನಿನ್ನ ಅಕ್ಕ,
ದೇವಿಕಾ

ಇನ್ನೊಂದು ಮಾತು: ಸಹಿ ಹಾಕಿದ ಮೇಲೂ ಕಾಗದ ಮಡಿಸಲು ಕೈ ಬರುತ್ತಿಲ್ಲ. ಶಿವರಾಮ, ವನಿತಾ ಇನ್ನೂ ದೊಡ್ಡವಳಾಗಿಲ್ಲ. ಹೋದ ಮಾಘದಲ್ಲೂ ಆಗಿರಲಿಲ್ಲ. ಓಣಿಯಲ್ಲಿ ಅವಳಿಗಿಂತ ಚಿಕ್ಕವರಿಗೆಲ್ಲ ಆರತಿ ಆಗಿತ್ತು. ನಲ್ಲಿ ಹತ್ತಿರ ಹೋದರೆ, “ನಿನ್ನ ಮಗಳು ಇನ್ನಾ ಆಗಿಲ್ಲೇನ?” ಎನ್ನುತ್ತಿದ್ದರು. ಕೇಳಿ ಕೇಳಿ ಸಾಕಾಗಿ, ಒಂದು ಶುಕ್ರವಾರ ಅತ್ತೆಗೆ ನಾನೇ “ಆದಳು” ಎಂದುಬಿಟ್ಟೆ. ಇವತ್ತಲ್ಲ ನಾಳೆ ಆಗೇ ಆಗುತ್ತೀಯ, ಸುಮ್ಮನೆ ಕೂರು ಎಂದು ಮಗಳ ಬಾಯಿ ಮುಚ್ಚಿಸಿದೆ. ಮೈನೆರೆದವಳನ್ನು ಕೂರಿಸಲು ಸೋದರಮಾವನೇ ಗುಡ್ಲು ಕಟ್ಟಬೇಕೆಂದು ನೀನು ಹಸಿರು ತೆಂಗಿನ ಗರಿ ಹೊತ್ತು, ಬಸ್ಸು ಬದಲಿಸಿಕೊಂಡು ಓಡಿ ಬಂದೆ. ನಿನ್ನ ಭಾವನಿಗೂ ಇದು ಗೊತ್ತಿಲ್ಲ. ಅತ್ತೆಗೆ ಅನುಮಾನ ಬಾರದಿರಲೆಂದು ಅಲ್ಲಿಂದ ತಿಂಗಳಿಗೆ ಮೂರು ದಿನ ಅವಳನ್ನು ಹೊರಗಿನ ಕೋಣೆಯಲ್ಲಿ ಕೂರಿಸುತ್ತಿದ್ದೇನೆ. ಶಾಲೆಗೂ ಕಳಿಸದೆ, ಏಳು ತಿಂಗಳು.

ಬಳ್ಳಾರಿಯಿಂದ ಬಂದ ಮೇಲೆ ಅವಳು ಕೇಳಿದ್ದು ಒಂದೇ, “ಮಾಮಗ ಗೊತ್ತೇನಮ್ಮ?” ಇಲ್ಲ ಎಂದೆ. “ಗುಡ್ಲಿನಾಗ ನಂಗ ಎಳ್ಳು ಚಿಗಳಿ ತಿನಿಸುವಾಗ ಮಾಮ ಅತ್ತಿದ್ದ. ಮೊದ್ಲು ಅವಗ ಬರಿ. ಆಮ್ಯಾಲ ಡಾಕ್ಟರಿಗೆ ಹೇಳು. ಅಲ್ಲೀತನಕ ನಾ ಮಾತ್ರಿ ನುಂಗಂಗಿಲ್ಲ” ಎಂದಳು.

ಈಗ ನನ್ನ ಎದುರಿಗೇ ಕೂತಿದ್ದಾಳೆ. ನಾನು ಬರೆದದ್ದೆಲ್ಲ ನಿಜವೋ ಅಲ್ಲವೋ ಓದಿ ನೋಡಿ, ಲಕೋಟೆಯನ್ನು ತಾನೇ ಅಂಟಿಸುತ್ತಾಳಂತೆ.