ಎರಡನೇ ಇಯತ್ತೆಯಲ್ಲಿ ತೊಂಬತ್ತೆಂಟರ ಮುದುಕ

ಭಾಲ್ಕಿ, ಬೀದರ ಜಿಲ್ಲೆ
(ಈಗ ಮೈಸೂರು ರಾಜ್ಯ ಅಂತ ಬರೆಯಬೇಕಂತೆ, ಬರೆದಿದ್ದೇನೆ)
೨೦ ಫೆಬ್ರವರಿ ೧೯೫೭, ಬುಧವಾರ
(ಇದು ಇಸವಿ ಸನ್. ಯಾಕೆ ಹೇಳುತ್ತಿದ್ದೇನೆ ಎನ್ನುವುದು ಮುಂದೆ ತಿಳಿಯುತ್ತದೆ)

ಚಿರಂಜೀವಿ ಶಿವಕಾಂತಾ, ನನ್ನ ಬಂಗಾರಾ,

ನಿನಗೆ ಆಯಿಯ ಆಶೀರ್ವಾದ. ಹೊಟ್ಟೆನೋವು ಈಗ ಹೇಗಿದೆ? ಹೈದರಾಬಾದಿನ ಹಾಸ್ಟೆಲಿನ ಅನ್ನ ನಿನಗೆ ಒಗ್ಗುವುದಿಲ್ಲ ಅಂತ ನನಗೆ ಮೊದಲ ದಿನವೇ ಗೊತ್ತಿತ್ತು. ಅಜವಾನ ಕುದಿಸಿ ಕುಡಿ ಅಂದಿದ್ದೆ, ಕುಡಿದೆಯೋ, ಡಬ್ಬಿಯಲ್ಲೇ ಇಟ್ಟಿದ್ದೀಯೋ? ಇಲ್ಲಿ ನಾವೆಲ್ಲ ಕ್ಷೇಮ. ನನ್ನ ಮೊಳಕಾಲು ಕಟಕಟ ಅನ್ನುತ್ತವೆ, ಅದು ಹೊಸ ಸುದ್ದಿಯಲ್ಲ. ನಿಮ್ಮಪ್ಪ, ನನ್ನ ಮಗರಾಯ, ಬೀದರದ ಗಾಂಧಿ ಗಂಜಿನ ಪೇಟೆಯಲ್ಲಿ ತೊಗರಿ ಸುಗ್ಗಿಯೊಳಗೆ ಮುಳುಗಿದ್ದಾನೆ. ಅಡತಿ ಅಂಗಡಿ ಬಿಟ್ಟು ರವಿವಾರ ಮಾತ್ರ ಊರಿಗೆ ಬರುತ್ತಾನೆ. ಬಂದವನು ತಲೆಯ ಪಟಗದ ಧೂಳು ಕೊಡವುವ ಮೊದಲೇ ನಿನ್ನ ಮದುವೆಯ ಮಾತು ತೆಗೆಯುತ್ತಾನೆ. ಔರಾದದ ಶಿವರಾಜಪ್ಪನವರ ಮಗನಿಗೆ ನಿನ್ನನ್ನು ಕೊಡುವುದೆಂದು ಅವನು ಮಾತು ಕೊಟ್ಟಾಗಿದೆ, ನೀನು ಕಲ್ಕತ್ತಾದಿಂದ ಬಂದ ಮೇಲೆ ನೋಡೋಣ ಅನ್ನುತ್ತಿ. ಅವನದು ಒಂದೇ ರಾಗ. "ಅವ್ವಗ ಅರವತ್ತೊಂಬತ್ತಾತು. ಅಕಿ ಕಣ್ಣ ಮುಂದ ನಾಲ್ಕು ಅಕ್ಕಿಕಾಳು ಬೀಳ್ಲಿ." ನನ್ನ ವಯಸ್ಸನ್ನು ನಾನೂ ಇಷ್ಟು ಸಲ ಎಣಿಸಿರಲಿಲ್ಲ ಕಣವ್ವಾ.

ಹೋದ ಗುರುವಾರ ನಿನ್ನ ಪತ್ರ ಬಂತು. ಓದಿ ಮೊದಲಿಗೆ ಖುಷಿಯೇ ಆಯಿತು, ಸುಳ್ಳು ಯಾಕೆ ಹೇಳಲಿ. ಲೆಕ್ಕ ತಪ್ಪಿತು, ಈ ತಿಂಗಳ ಕೊನೆಯೊಳಗೆ ತಪ್ಪು ಎಲ್ಲಿದೆ ಅಂತ ತೋರಿಸದಿದ್ದರೆ ಕಲ್ಕತ್ತಾಕ್ಕೆ ಹೋಗುವ ಪಟ್ಟಿಯಿಂದ ಸಾಹೇಬರು ನನ್ನ ಹೆಸರು ಹೊಡೆದುಹಾಕುತ್ತಾರೆ, ನೌಕರಿಯೂ ಉಳಿಯುವುದು ಕಷ್ಟ ಅಂತ ಬರೆದಿದ್ದಿ. ಹಾಗಾದರೆ ಹುಡುಗಿ ಶಿವರಾತ್ರಿಗೆ ಮನೆಗೆ ಬರುತ್ತಾಳೆ ಅಂತ ಈ ಮುದಿ ಜೀವ ಹಿಗ್ಗಿತು. ಎಳ್ಳಮಾಸಿ ಹಬ್ಬಕ್ಕೂ ನೀನು ಬರಲಿಲ್ಲ. ಹೊಲದಲ್ಲಿ ಎಲ್ಲರೂ ಭಜ್ಜಿ, ಕಡಬು ಉಣ್ಣುವಾಗ ನನಗೆ ತುತ್ತು ಇಳಿದಿರಲಿಲ್ಲ. ಆಮೇಲೆ ಪುಟ ತಿರುಗಿಸಿದರೆ ಶಾಯಿ ನೀರಾಗಿ ಹರಡಿತ್ತು. ನೀನು ಅಳುವವಳಲ್ಲ. ಚೇಳು ಕುಟುಕಿದಾಗಲೂ ಹಲ್ಲು ಕಚ್ಚಿ ಕೂತವಳು. ಅಂಥವಳನ್ನು ಅಳಿಸಿದವರು ಯಾರು ಅಂತ ನನ್ನ ಸಿಟ್ಟು ನೆತ್ತಿಗೇರಿತು, ಪತ್ರವನ್ನು ಮತ್ತೆ ಮೊದಲಿನಿಂದ ಓದಿದೆ. ನಿನ್ನಜ್ಜ ಕದ್ದುಮುಚ್ಚಿ ಕಲಿಸಿದ ಅಕ್ಷರ ಇಷ್ಟು ದಿನಕ್ಕೆ ಕೆಲಸಕ್ಕೆ ಬಂತು.

ನಾನು ತಿಳಿದುಕೊಂಡದ್ದು ಸರಿಯೋ ನೋಡು. ಮೈಸೂರಿಗೆ ಸೇರಿದ ನಮ್ಮ ಕಡೆಯ ಜಿಲ್ಲೆಗಳ ಮನೆಗಣತಿಯನ್ನು ಲೆಕ್ಕ ಹಾಕಿ ಬೆಂಗಳೂರಿಗೆ ಕಳಿಸುವುದು ನಿಮ್ಮ ಕಚೇರಿಯ ಕೆಲಸ. ಒಬ್ಬೊಬ್ಬ ಮನುಷ್ಯನಿಗೆ ಒಂದೊಂದು ದಪ್ಪ ಕಾಗದದ ಕಾರ್ಡು. ಅದರಲ್ಲಿ ಬರವಣಿಗೆ ಇಲ್ಲ, ತೂತುಗಳೇ ಎಲ್ಲ. ಜಾಗ ಸಾಲದೆಂದು ಹುಟ್ಟಿದ ಸನ್ನಿನ ಕೊನೆಯ ಎರಡು ಅಂಕಿ ಮಾತ್ರ ತೂತು ಹೊಡೆಯುತ್ತಾರೆ. ಯಂತ್ರಕ್ಕೊಂದು ಹಲಗೆ ಉಂಟು, ಅದರಲ್ಲಿ ತಾರು ಚುಚ್ಚಿ ಚುಚ್ಚಿ ಲೆಕ್ಕ ಹೀಗೆ ಮಾಡು, ಹಾಗೆ ಮಾಡು ಅಂತ ಅದಕ್ಕೆ ತಿಳಿಸುವವಳು ನೀನು. ಐವತ್ತೇಳರವರೆಗಿನ ಅಂಕಿ ಬಂದರೆ ಈ ಶತಮಾನದಲ್ಲಿ ಹುಟ್ಟಿದವರು, ಅದನ್ನು ಮೀರಿದರೆ ಹಿಂದಿನ ಶತಮಾನದವರು ಅಂತ ತಾರು ಕೂಡಿಸಿದ್ದಿ. ಬೀದರ, ಹುಮನಾಬಾದಿನ ಲೆಕ್ಕ ನೆಟ್ಟಗೆ ಬಂತು. ಭಾಲ್ಕಿ, ಔರಾದ ತಾಲೂಕಿನ ಕಾರ್ಡು ಹಾಕಿದ ಕೂಡಲೇ ಯಂತ್ರಕ್ಕೆ ಹುಚ್ಚು ಹಿಡಿಯಿತು. ತೊಂಬತ್ತು ದಾಟಿದವರು ಹಿಂಡು ಹಿಂಡು. ಎಂಟು ವರ್ಷದ ತಾಯಂದಿರು. ಖಟಕ ಚಿಂಚೋಳಿಯಲ್ಲಂತೂ ತೊಂಬತ್ತೆಂಟು ವರ್ಷದವರು ಎರಡನೇ ಇಯತ್ತೆ ಓದುತ್ತಿದ್ದಾರೆ! ಸಾಹೇಬರು ಅದನ್ನು ಎಲ್ಲರೆದುರು ಗಟ್ಟಿಯಾಗಿ ಓದಿ, ಹೆಣ್ಣುಮಕ್ಕಳ ಕೈಗೆ ತಾರು ಕೊಟ್ಟದ್ದೇ ತಪ್ಪು ಅಂದರಂತೆ. ನೀನು ಹಲಗೆ ಬಿಚ್ಚಿ ಎಲ್ಲ ತಾರು ಕಿತ್ತು ಮತ್ತೆ ಚುಚ್ಚಿದೆ. ಮತ್ತೆ ಅದೇ ಮುದುಕರು, ಅದೇ ಇಯತ್ತೆ.

ಆ ಕಲ್ಕತ್ತಾದ ಯಂತ್ರದ ಮೇಲೆ ನಿನ್ನ ಜೀವ ಎಷ್ಟಿದೆ ಎಂಬುದು ನನಗೆ ಗೊತ್ತು. ದಸರೆಯಿಂದ ನಿನ್ನ ಪತ್ರಗಳಲ್ಲಿ ಬೇರೆ ಮಾತೇ ಇಲ್ಲ. ಫ್ರಾನ್ಸ್ ದೇಶದ ನೇಕಾರರು ಮಗ್ಗಕ್ಕೆ ತೂತಿನ ಹಲಗೆ ಕಟ್ಟಿ ಹೂವು ನೇಯುತ್ತಿದ್ದರು, ಅಮೆರಿಕದವರು ಅದೇ ತೂತಿನಿಂದ ಜನರನ್ನು ಎಣಿಸಿದರು ಅಂತ ಬರೆದಿದ್ದಿ. ನೂರು ವರ್ಷದ ಹಿಂದೆ ಇಂಗ್ಲಿಷರ ಒಬ್ಬ ದೊರೆಸಾನಿ, ಇನ್ನೂ ತಯಾರಾಗದ ಯಂತ್ರಕ್ಕೆ ಹೀಗೆ ಹೀಗೆ ಲೆಕ್ಕ ಮಾಡು ಅಂತ ಆಜ್ಞೆ ಬರೆದಿಟ್ಟಳಂತೆ. ಕೂಸು ಹುಟ್ಟುವ ಮುನ್ನ ಕುಲಾವಿ ಅಂದರೆ ಇದೇ ಅಂತ ನಾನು ನಕ್ಕಿದ್ದೆ. ಆದರೆ ಕೂಸು ಹುಟ್ಟಿತಲ್ಲ! ಹಡಗಿನಲ್ಲಿ ಕಲ್ಕತ್ತಾಕ್ಕೂ ಬಂತು. ಅದಕ್ಕೆ ತಾರು ಚುಚ್ಚುವ ಗೋಜಿಲ್ಲ, ಅಂಕಿಯನ್ನು ಒಳಗಿಟ್ಟುಕೊಂಡಂತೆ ಆಜ್ಞೆಯನ್ನೂ ಒಳಗೇ ಇಟ್ಟುಕೊಳ್ಳುತ್ತದೆ, ಮುಂಜಾನೆ ಒಂದು ಲೆಕ್ಕ ಹೇಳಿದರೆ ಅದು, ಸಂಜೆ ಇನ್ನೊಂದು ಹೇಳಿದರೆ ಇದು. ಅದನ್ನು ಕಲಿಯಲು ಒಂದೂವರೆ ವರ್ಷ. ನನಗೆ ಅರ್ಧ ತಿಳಿಯಿತು, ಅರ್ಧ ತಿಳಿಯಲಿಲ್ಲ. ನಿನಗೆ ಅದು ಬೇಕು ಎನ್ನುವುದು ಮಾತ್ರ ಪೂರ್ತಿ ತಿಳಿಯಿತು.

ಇರಲಿ. ಖಟಕ ಚಿಂಚೋಳಿ ಏನು ಏಳು ಸಮುದ್ರದಾಚೆ ಇದೆಯೇ? ಬಸ್ಸು ಹತ್ತಿದರೆ ಆಯಿತು. ಆ ತೊಂಬತ್ತೆಂಟು ವರ್ಷದ ವಿದ್ಯಾರ್ಥಿಯನ್ನು ಕಣ್ಣಾರೆ ನೋಡಿಯೇ ಬರುತ್ತೇನೆ ಅಂತ ಶನಿವಾರ ರೊಟ್ಟಿ ಕಟ್ಟಿಕೊಂಡು ಹೊರಟೆ. ಗಣತಿಗೆ ಅಲ್ಲಿ ಮನೆಮನೆ ತಿರುಗಿದವರು ಶಾಲೆಯ ಮಾಸ್ತರರೇ, ಕಾಶೀರಾಮ ಅಂತ. ಒಳ್ಳೆಯ ಮನುಷ್ಯ, ಆದರೆ ನಾನು ಬಾಗಿಲಲ್ಲೇ ಜಗಳ ತೆಗೆದೆ. ನಿಮ್ಮ ಬರಹದಿಂದ ನಮ್ಮ ಹುಡುಗಿಯ ನೌಕರಿ ಹೋಗುವುದಿದೆ, ಎಲ್ಲಿ ನಿಮ್ಮ ತೊಂಬತ್ತೆಂಟರ ಮುದುಕ, ತೋರಿಸಿ ಅಂದೆ. ಅವರು ಮೊದಲು ನಕ್ಕರು, ಆಮೇಲೆ ಅವರಿಗೂ ಸಿಟ್ಟು ಬಂತು. "ಆಯಿ, ತೊಂಬತ್ತು ದಾಟಿದಾಕಿ ನಮ್ಮೂರಾಗ ಜಿಜಾಬಾಯಿ ಒಬ್ಬಾಕಿನೇ ಇದ್ದಳ್ರಿ. ಆಕೀನೂ ದೀಪಾವಳಿಗಿ ಹೋದಳು. ನಾ ಖೊಟ್ಟಿ ಬರದೀನಿ ಅಂತೀರೇನು?" ಅಂದರು. ಶಾಲೆಯ ಹಾಜರಿ ಪುಸ್ತಕ ತಂದು ಎರಡನೇ ಇಯತ್ತೆಯ ಹೆಸರುಗಳ ಮೇಲೆ ಬೆರಳಿಟ್ಟು ಓದತೊಡಗಿದರು. ಪಂಢರಿ, ಹುಟ್ಟಿದ ಸನ್ ಹದಿಮೂರುನೂರಾ ಐವತ್ತೊಂಬತ್ತು. ಹುಸೇನ, ಹದಿಮೂರುನೂರಾ ಐವತ್ತೊಂಬತ್ತು. ಮೂರನೆಯ ಹೆಸರಿಗೆ ಬರುವಷ್ಟರಲ್ಲಿ ನಾನು ಅಲ್ಲೇ ಕಟ್ಟೆಯ ಮೇಲೆ ಕೂತುಬಿಟ್ಟೆ.

ಫಸಲಿ ಸನ್, ಶಿವಕಾಂತಾ! ಹೊಲದ ಪಟ್ಟಾ ಮೇಲೆ, ಸುಗ್ಗಿಯ ಲೆಕ್ಕದ ಮೇಲೆ ನಾವು ಹುಟ್ಟಿದಾಗಿನಿಂದ ನೋಡಿದ ನಿಜಾಮಶಾಹಿಯ ಫಸಲಿ ಸನ್. "ಮ್ಯಾಲಿಂದ ಹುಕುಮ್ ಬಂತ್ರಿ, ಸರಕಾರಿ ಸನ್ ಬರೀರಿ ಅಂತ," ಅಂದರು ಮಾಸ್ತರರು. "ಸರಕಾರಿ ಸನ್ ಅಂದ್ರ ಫಸಲಿ ಅಲ್ಲೇನ್ರಿ? ನಿಜಾಮ ಹೋದ, ಅವನ ಸನ್ ಎಲ್ಲಿ ಹೋಗ್ಯಾದ?" ನಿಮ್ಮ ಕಚೇರಿಯಲ್ಲಿ ಎರಡಂಕಿ ಎತ್ತಿ ಬರೆಯುವ ಗುಮಾಸ್ತರೂ ಹದಿಮೂರುನೂರರ ಸನ್ ನೋಡುತ್ತಲೇ ತಲೆ ನೆರೆಸಿಕೊಂಡವರು, ಯಾರೂ ಹುಬ್ಬೇರಿಸಲಿಲ್ಲ. ಮುಂದಿನ ಹದಿಮೂರು ಅಲ್ಲೇ ಉದುರಿತು, ಬರೀ ಐವತ್ತೊಂಬತ್ತು ನಿನ್ನ ಯಂತ್ರಕ್ಕೆ ಬಂತು. ಐವತ್ತೇಳು ಮೀರಿತಲ್ಲ ಅಂತ ಅದು ಆ ಕೂಸನ್ನು ಎತ್ತಿ ಹಿಂದಿನ ಶತಮಾನಕ್ಕೆ ಒಗೆಯಿತು. ಫಸಲಿಗೆ ಐನೂರಾ ತೊಂಬತ್ತು ಕೂಡಿಸಿದರೆ ಇಸವಿ, ಆ ಸನ್ ಇಸವಿಯಲ್ಲಿ ಹತ್ತೊಂಬತ್ತುನೂರಾ ನಲವತ್ತೊಂಬತ್ತು, ಹುಡುಗನಿಗೆ ಎಂಟು ವರ್ಷ. ಬಸ್ಸಿನಲ್ಲಿ ಬರುವಾಗ ಬೆರಳು ಮಡಿಸಿ ಮಡಿಸಿ ನೋಡಿದೆ. ಹತ್ತರೊಳಗಿನ ಮಕ್ಕಳೆಲ್ಲ ತೊಂಬತ್ತು ದಾಟಿದ್ದಾರೆ, ಅವರಿಗಿಂತ ದೊಡ್ಡವರೆಲ್ಲ ಹತ್ತು ವರ್ಷ ಕಿರಿಯರಾಗಿದ್ದಾರೆ. ಹದಿನೆಂಟರ ತಾಯಿ ಎಂಟರವಳಾದಳು. ನಾನು ಫಸಲಿ ಹನ್ನೆರಡುನೂರಾ ತೊಂಬತ್ತೆಂಟರವಳು, ನಿನ್ನ ಯಂತ್ರ ನನ್ನನ್ನು ಐವತ್ತೊಂಬತ್ತು ಅನ್ನುತ್ತದೆ. ಪಕ್ಕದಲ್ಲಿ ಕೂತ ಹೆಣ್ಣುಮಗಳು ನಾನು ಒಬ್ಬಳೇ ನಗುವುದನ್ನು ನೋಡಿ ಸರಿದು ಕೂತಳು.

ಬಾಯಿಮಾತಿಗೆ ಸಾಹೇಬರು ಒಪ್ಪುವುದಿಲ್ಲ ಅಂತ ಆ ಹುಕುಮು ಕೊಟ್ಟವರನ್ನು ಹುಡುಕಿದೆ. ಹುಡುಕುವುದೇನು ಬಂತು, ಎರಡೂ ತಾಲೂಕಿನ ಗಣತಿಗೆ ಮೇಲ್ವಿಚಾರಕರಾಗಿದ್ದವರು ಕಂದಾಯ ಇಲಾಖೆಯ ಗಿರ್ದಾವರ ಶಿವರಾಜಪ್ಪನವರೇ, ನಿಮ್ಮಪ್ಪ ಗೊತ್ತು ಮಾಡಿದ ಬೀಗರು. ಸೋಮವಾರ ಔರಾದಕ್ಕೆ ಹೋದೆ. ಮುಚ್ಚಿಡಲಿಲ್ಲ, ಅದಕ್ಕೆ ಅವರಿಗೆ ಶರಣು ಅನ್ನಬೇಕು. "ಹೌದ್ರಿ ಗುರಮ್ಮನೋರ, ನಾನೇ ಹೇಳೀನಿ. ಹುಟ್ಟಾ ಅದೇ ಬರಕೋತ ಬಂದೀನಿ, ಬೆರಳಿಗಿ ಅದೇ ಬರ್ತದ. ಹೊಸ ಸರಕಾರ ಯಾವ ಸನ್ ಕೇಳ್ತದ ಅಂತ ನಮಗ ಯಾರು ಹೇಳ್ಯಾರ?" ಅಂದರು. ಎರಡು ತಾಲೂಕಿನಲ್ಲೂ ಫಸಲಿ ಸನ್ ಬರೆಸಿದ್ದು ನಾನು ಅಂತ ಕಾಗದ ಬರೆದು ಸಹಿ ಹಾಕಿ ಕೊಟ್ಟರು. ಅದನ್ನು ಈ ಲಕೋಟೆಯಲ್ಲೇ ಇಟ್ಟಿದ್ದೇನೆ, ಜೋಪಾನ.

ಇದನ್ನು ತೆಗೆದುಕೊಂಡು ಹೋಗಿ ಸಾಹೇಬರ ಮುಂದೆ ಇಡು. ಕುಣಿಯಬೇಡ, ಚುಚ್ಚಿ ಮಾತಾಡಬೇಡ, ಕೆಲಸ ಉಳಿದರೆ ಸಾಕು. ಇನ್ನೊಂದು ಮಾತು, ಬೈದರೂ ನಾನೇ ಬೈಯಬೇಕು. ತಾರು ಕಿತ್ತು ಚುಚ್ಚುವ ಬದಲು ಒಂದು ಟಪಾಲು ಕಾರ್ಡು ಮನೆಗೆ ಬರೆದು ಕೇಳಬಾರದಿತ್ತೇ? ಆ ಯಂತ್ರಕ್ಕೆ ಖಟಕ ಚಿಂಚೋಳಿ ಗೊತ್ತಿಲ್ಲ, ನಿನಗೆ ಗೊತ್ತಿತ್ತು. ಅಲ್ಲಿಯ ಪೇರು ಹಣ್ಣು ತಿಂದು ಬೆಳೆದವಳು ನೀನು. ಕಲ್ಕತ್ತಾದ ಯಂತ್ರ ಎಷ್ಟೇ ಜಾಣ ಇದ್ದರೂ ನಮ್ಮ ಜನ ಏನು ಬರೆಯುತ್ತಾರೆ ಅಂತ ಅದಕ್ಕೆ ಹೇಳುವವರು ಬೇಕೇ ಬೇಕು. ಈಗ ದಿಲ್ಲಿಯವರು ಚೈತ್ರದಿಂದ ಶಕೆ ಅಂತ ಇನ್ನೊಂದು ಸನ್ ಹೊರಡಿಸುತ್ತಾರಂತೆ. ಅದನ್ನೂ ನೆನಪಿಡು, ಇಲ್ಲದಿದ್ದರೆ ಮುಂದಿನ ಗಣತಿಯಲ್ಲಿ ಏನೇನು ಹುಟ್ಟುತ್ತದೋ.

ಪಕ್ಕದ ಮನೆಯ ರಹೀಮುನ್ನಿಸಾ ನಿನಗೆ ಸಲಾಂ ಹೇಳಿದ್ದಾಳೆ. ಶೇಂಗಾ ಉಂಡಿ ಕಟ್ಟಿದ್ದೇನೆ, ಹೈದರಾಬಾದಿಗೆ ಹೋಗುವ ಗಂಜಿನ ಲಾರಿಯವರ ಕೈಯಲ್ಲಿ ಬರುತ್ತದೆ. ಒಬ್ಬಳೇ ತಿನ್ನಬೇಡ, ಕೋಣೆಯ ಹುಡುಗಿಯರಿಗೂ ಕೊಡು. ಬಸವಣ್ಣ ನಿನ್ನ ಬೆನ್ನಿಗಿರಲಿ, ಹೋದಲ್ಲಿ ನಿನ್ನ ಕೈ ಮೇಲಾಗಲಿ.

ನಿನ್ನ ಆಯಿ,
ಗುರಮ್ಮ

ತಾ.ಕ.: ಟಪಾಲು ಚೀಲ ಕಟ್ಟುವ ಹೊತ್ತಾಯಿತು, ಅವಸರದಲ್ಲಿ ಬರೆಯುತ್ತಿದ್ದೇನೆ. ಕಾಗದ ನನ್ನ ಕೈಗೆ ಕೊಡುವಾಗ ಶಿವರಾಜಪ್ಪನವರು ಒಂದು ಮಾತು ಅಂದರು. "ಇದು ಕೊಟ್ಟರ ಹುಡುಗಿ ಕಲ್ಕತ್ತಾಕ್ಕ ಹೋಗ್ತಾಳ. ಹೋದಾಕಿಗಿ ನಮ್ಮ ಹುಡುಗ ಕಾಯೂದಿಲ್ರಿ. ವಿಚಾರ ಮಾಡ್ರಿ." ನಾನು ಅಲ್ಲೇ, ಚಹಾ ಆರುವುದರೊಳಗೆ ವಿಚಾರ ಮಾಡಿದೆ. ಅವರು ನಿನ್ನ ಹೆಸರಿಗೆ ಕಳಿಸಿದ್ದ ಸೀರೆ, ತೆಂಗಿನಕಾಯಿ ನಿನ್ನೆ ವಾಪಸು ಹೋದವು. ನಿಮ್ಮಪ್ಪನಿಗೆ ಇನ್ನೂ ಗೊತ್ತಿಲ್ಲ. ರವಿವಾರ ಬರುತ್ತಾನೆ, ಕೂಗಾಡುತ್ತಾನೆ, ನನ್ನ ಅರವತ್ತೊಂಬತ್ತನ್ನು ಮತ್ತೆ ಎಣಿಸುತ್ತಾನೆ. ಎಣಿಸಲಿ. ನೀನು ಹೋಗು, ಹೆದರಬೇಡ. ಎರಡೂ ತಾಲೂಕಿನ ಕಾರ್ಡು ಒಂದೂ ಬಿಡದೆ ತಿದ್ದು. ನಮ್ಮ ಮನೆಯ ನಂಬರು ನಿನಗೆ ಗೊತ್ತೇ ಇದೆ, ಅದರಲ್ಲಿ ಗುರಮ್ಮನ ಕಾರ್ಡು ಮಾತ್ರ ಇದ್ದ ಹಾಗೆ ಬಿಡು, ತಪ್ಪಾದರೂ ಇರಲಿ. ನೀನು ತಿರುಗಿ ಬರುವತನಕ ಆ ಹತ್ತು ವರ್ಷ ನನಗೆ ಬೇಕು.