ಮೂರನೇ ಅಧ್ಯಾಯ ನಿಂದು

ಪ್ರೀತಿಯ ಮಾಲಿನಿ,

ಹೊನ್ನಾವರದಿಂದ ನಿನ್ನ ದಿನಕರ ಮಾತಾಡ್ತಿದ್ದೇನೆ. ಮಧ್ಯ ಕುಕ್ಕರ್ ಕೂಗಿದ್ರೆ ಹೆದರ್ಬೇಡ, ಅನ್ನ ನಾನೇ ಇಟ್ಟದ್ದು. ಈ ಸಲ ಹೊಸಾ ಕ್ಯಾಸೆಟ್ ತಕಂಡೆ. ಯಾವಾಗ್ಲೂ ನೀನು ಮಸ್ಕತ್ತಿಂದ ಕಳ್ಸಿದ್ದರ ಮೇಲೇ ನನ್ನ ಮಾತು ತುಂಬಿ ವಾಪಸ್ ಕಳಿಸ್ತಿದ್ದೆ ಅಲ್ದಾ? ಈ ಸಲ ಬಟನ್ ಒತ್ತೂಕೆ ಮನಸ್ಸು ಬರ್ಲಿಲ್ಲ. ನಿನ್ನ ಧ್ವನಿ ಅಳಿಸಿಹೋಗ್ತದೆ.

ಪುಸ್ತಕ ಮುಗೀತು. ಸ್ವಾತಂತ್ರ್ಯದ ಬಗ್ಗೆ ಬರೆದ ದೊಡ್ಡ ದೊಡ್ಡ ಗಂಡಸ್ರಿಗೆ ಸಮಾಜವಾದ ಕಲಿಸಿದ ಹೆಂಗಸ್ರು ಇದ್ರು, ಅವ್ರ ಹೆಸರು ಅರ್ಪಣೆ ಪುಟದಲ್ಲೇ ಉಳೀತು ಅಂತ ಇಡೀ ಪುಸ್ತಕ ಬರ್ದೆ. ಅದರ ಜೀವ ಇರೂದು ಮೂರನೇ ಅಧ್ಯಾಯದಲ್ಲಿ, ಅದು ನಿನ್ನ ಮಾತು. ಬಂದರದಲ್ಲಿ ಬಂಗ್ಡೆ ಆರಿಸ್ತಾ ನೀನೇ ನನ್ನ ಕೇಳಿದ್ದೆ, ನೆನಪಿದ್ಯಾ? "ಬಲೆ ಎಳೆದವ್ನಿಗೆ ಪಾಲು, ಮೀನು ಒಣಗಿಸಿದವಳಿಗೆ ಬರೀ ಕೂಲಿ. ನಿಮ್ಮ ಸ್ವಾತಂತ್ರ್ಯ ಯಾವ ಬುಟ್ಟಿಲಿ ಅದೆ ಮಾರಾಯ್ರೆ?"

ಲೇಖಕರ ಜಾಗದಲ್ಲಿ ನಿನ್ನ ಹೆಸರೂ ಹಾಕ್ತೆ ಅಂದದ್ದಕ್ಕೆ ಹೋದ ಕ್ಯಾಸೆಟ್ಟಲ್ಲಿ ನೀನು ನಗಾಡಿಬಿಟ್ಟೆ. "ನರ್ಸಮ್ಮನ ಹೆಸರು ಎಂತಕ್ಕೆ? ಅರ್ಪಣೆಲಿ ಹಾಕಿ, ಸಾಕು." ಆ ನಗುವನ್ನ ದಿನಾ ಕೇಳ್ತೆ, ಆ ಮಾತು ಮಾತ್ರ ಒಪ್ಪೂದಿಲ್ಲ.

ಕುಮಟೆಯ ಪ್ರೆಸ್ಸಿನವ್ರಿಗೆ ಮುಖಪುಟ ಮಾಡ್ಬೇಡಿ, ಮಸ್ಕತ್ತಿಂದ ಉತ್ತರ ಬರ್ಲಿ ಅಂದಿದ್ದೇನೆ. ಹೂಂ ಅನ್ನು. ತವರಿನ ಹೆಸರು ಹಾಕೂದಾ, ನಂದು ಸೇರಿಸೂದಾ ಅಂತಲೂ ಹೇಳು. ರಜೆ ಸಿಕ್ತಾ?

ಎರಡನೇ ಸೈಡ್ ಪೂರಾ ಖಾಲಿ ಬಿಟ್ಟಿದ್ದೇನೆ. ಹೂಂ ಅಂದ್ಮೇಲೂ ಸುಮಾರು ಟೇಪ್ ಉಳೀತದೆ. ಬಂದ್ ಮಾಡ್ಬೇಡ, ಅಲ್ಲಿ ಅಡುಗೆ ಮಾಡ್ತಾ ಹಾಗೇ ಎಂತಾದ್ರೂ ಮಾತಾಡ್ತಾ ಇರು.

ನಿನ್ನ,
ದಿನಕರ