ನಂದಲ್ಲ ಎಂದ ಭರ್ಜಿ

ಲಾಪುವಾ, ಆಗಸ್ಟ್ ೧೯೫೧

ಅಪ್ಪಾ,

ನೀನು ಮಣ್ಣು ಸೇರಿ ಐದು ತಿಂಗಳಾಯಿತು. ಈ ಕಾಗದ ಅಂಚೆಪೆಟ್ಟಿಗೆಗೆ ಬೀಳುವುದಿಲ್ಲ. ಆದರೂ ನಿನಗೇ ಹೇಳಬೇಕು.

ನಿನ್ನೆ ರಾಷ್ಟ್ರೀಯ ಕ್ರೀಡಾಕೂಟದಲ್ಲಿ ಭರ್ಜಿಗಳನ್ನು ತೂಗುವ ಮೇಜಿನ ಮುಂದೆ ನಿಂತಿದ್ದೆ. ನೀನು ನಮ್ಮ ಹಬೆಸ್ನಾನದ ಮನೆ ಸೌನಾದ ಅಟ್ಟದಲ್ಲಿ ಎರಡು ಚಳಿಗಾಲ ಒಣಗಿಸಿ ಹೆರೆದ ಬರ್ಚ್ ಮರದ ಭರ್ಜಿಯನ್ನು ನೋಡಿ ಹೆಲ್ಸಿಂಕಿಯ ಎಸೆತಗಾರ ಔಲಿಸ್ ನಕ್ಕ: "ಯಾರಪ್ಪಾ ಅದು, ಹುಲ್ಲು ಬಾಚೋ ಕೋಲು ತಂದಿರೋನು?"

"ನಂದಲ್ಲ," ಎಂದುಬಿಟ್ಟೆ. "ಇಲ್ಲೇ ಬಿದ್ದಿತ್ತು."

ಅದು ಸರಿಯಾಗಿ ಎಂಟುನೂರು ಗ್ರಾಂ ತೂಗಿತು. ತೂಕದಲ್ಲಿ ಪಾಸಾದ ಭರ್ಜಿಯನ್ನು ಯಾರು ಬೇಕಾದರೂ ಎಸೆಯಬಹುದಲ್ಲ. ನಾನು ಮುಟ್ಟಲಿಲ್ಲ. ಅಂಗಡಿಯ ಭರ್ಜಿ ಎಸೆದು ಒಂಬತ್ತನೆಯವನಾದೆ; 'ತೌನೊ' ಎಂದು ನನ್ನ ಹೆಸರನ್ನು ಎಲ್ಲರಿಗೂ ಕೇಳುವಂತೆ ಕೂಗಿದರು. ಕೊನೆಯ ಸುತ್ತಿನಲ್ಲಿ ಔಲಿಸ್ ತಮಾಷೆಗೆಂದು ನಿನ್ನದನ್ನು ಎತ್ತಿಕೊಂಡ. ಅದು ಅರವತ್ತೊಂಬತ್ತು ಮೀಟರ್ ಹಾರಿತು, ಅವನೇ ಚಾಂಪಿಯನ್.

ಆಮೇಲೆ ಅದನ್ನು ಎದೆಗವಚಿಕೊಂಡು ಎಲ್ಲರನ್ನೂ ಕೇಳುತ್ತಾ ಬಂದ. ಈಗ ನಗುತ್ತಿರಲಿಲ್ಲ. "ಇದನ್ನ ಮಾಡಿದೋರು ಯಾರು ಮಾರಾಯಾ? ಅವರ ಕೈ ಕುಲುಕಬೇಕು."

"ಗೊತ್ತಿಲ್ಲ," ಎಂದೆ.

ವಾರಸುದಾರರಿಲ್ಲವೆಂದು ಭರ್ಜಿಯನ್ನು ಅವನಿಗೇ ಕೊಟ್ಟರು.

ಅಪ್ಪಾ, ಹಿಡಿಗೆ ದಾರ ಸುತ್ತುವ ಮುಂಚೆ ನೀನು ಅಲ್ಲಿ 'ಮಗ ತೌನೊಗೆ' ಎಂದು ಕೊರೆದಿದ್ದೆ. ದಾರ ಸವೆದ ದಿನ ಅವನು ಓದುತ್ತಾನೆ.